ಬಾಚಣಿಗೆ ಗುಡ್ಡದ ಜೆವಾಹಿರಾ

ಬೆಳಗಿನ ಐದೂಕಾಲು. ಸ್ತುದೆನಾ ಊರಿನ ಮೇಲಿನ ಮಂಜು ಇನ್ನೂ ಎದ್ದಿಲ್ಲ. ಗುಡ್ಡದ ಬುಡದಲ್ಲಿ ಬೂದು ಬಣ್ಣದ ಹಳೆಯ ಕಾರೊಂದು ಬಂದು ನಿಲ್ಲುತ್ತದೆ. ಇಳಿದ ಹೆಂಗಸು ಮೊದಲು ಬೂಟಿನ ದಾರ ಬಿಗಿಯುತ್ತಾರೆ. ಹಿಂದಿನ ಸೀಟಿನಿಂದ ಒಂದು ಪೊರಕೆ, ಒಂದು ಕುಡುಗೋಲು, ಒಂದು ಖಾಲಿ ಚೀಲ ತೆಗೆದುಕೊಂಡು ಮೆಟ್ಟಿಲು ಹತ್ತತೊಡಗುತ್ತಾರೆ. ಮುನ್ನೂರ ಹನ್ನೆರಡು ಮೆಟ್ಟಿಲು. ಅರ್ಧ ದಾರಿಯಲ್ಲಿ ಯಾರೋ ಒಡೆದು ಹೋದ ಬಿಯರ್ ಬಾಟಲಿ ಬಿದ್ದಿದೆ. ಕುಕ್ಕರಗಾಲಲ್ಲಿ ಕೂತು ಚೂರುಗಳನ್ನು ಒಂದೊಂದಾಗಿ ಆರಿಸಿ ಚೀಲಕ್ಕೆ ಹಾಕುತ್ತಾರೆ. ಆತುರ ಎಂಬುದೇ ಇಲ್ಲ.

ಮೇಲೆ ತಲುಪುವ ಹೊತ್ತಿಗೆ ಮಂಜಿನೊಳಗಿಂದ ಏಳು ಕಾಂಕ್ರೀಟ್ ಹಲ್ಲುಗಳು ಕಾಣಿಸಿಕೊಳ್ಳುತ್ತವೆ. ಒಂದೊಂದೂ ಹದಿನೇಳು ಮೀಟರ್ ಎತ್ತರ. ಎಲ್ಲವೂ ಪೂರ್ವಕ್ಕೆ ವಾಲಿವೆ, ಒಂದನ್ನೊಂದು ಎಲ್ಲೂ ಮುಟ್ಟುವುದಿಲ್ಲ. ಕೆತ್ತಿದ ಒಂದು ಹೆಸರಿಲ್ಲ, ಆ ಕಾಲದ ಸರ್ಕಾರದ ಕೆಂಪು ನಕ್ಷತ್ರವೂ ಇಲ್ಲ. ಎರಡನೇ ಮಹಾಯುದ್ಧದಲ್ಲಿ, ನಲವತ್ತಮೂರರ ಚಳಿಗಾಲದಲ್ಲಿ, ಜರ್ಮನ್ ಸೇನೆಯ ವಿರುದ್ಧ ಕಾಡಿನಲ್ಲಿದ್ದು ಕಾದಾಡುತ್ತಿದ್ದ ಪಾರ್ಟಿಜಾನ್ ಹೋರಾಟಗಾರರ ಗುಟ್ಟಿನ ಆಸ್ಪತ್ರೆ ಇಲ್ಲಿತ್ತು. ಜರ್ಮನ್ನರು ಬಂದಾಗ ಓಡಲಾರದ ಗಾಯಾಳುಗಳೂ, ಅವರನ್ನು ಬಿಟ್ಟುಹೋಗಲೊಪ್ಪದ ದಾದಿಯರೂ ಇಲ್ಲಿಯೇ ಸತ್ತರು. ಅವರ ನೆನಪಿಗೆ ಎಪ್ಪತ್ತನಾಲ್ಕರಲ್ಲಿ ಎದ್ದ ಸ್ಮಾರಕವಿದು. ಊರಿನವರ ಬಾಯಲ್ಲಿ ಮಾತ್ರ ಇದು ಬರೀ ‘ಬಾಚಣಿಗೆ’.

“ಪ್ರವಾಸಿಗರು ಎಂಟು ಗಂಟೆಗೆ ಬರ್ತಾರೆ. ಅವರು ಕಾಲಿಡೋಕೆ ಮುಂಚೆ ನಾನೊಂದ್ಸಲ ಎಲ್ಲಾ ಕಡೆ ಕಾಲಿಟ್ಟಿರಬೇಕು. ಹಳೇ ಅಭ್ಯಾಸ. ಬೇಕಿಲ್ಲ ಅಂತ ಗೊತ್ತು, ಬಿಡೋಕಾಗಲ್ಲ” ಎಂದು, ಪತ್ರಿಕೆಗೆ ಬರೆಯಲು ಹಿಂದೆಯೇ ಹತ್ತಿ ಬಂದ ನನಗೆ ಹೇಳುತ್ತಾ ಜೆವಾಹಿರಾ ಮೂರನೇ ಹಲ್ಲಿನ ಬುಡ ಗುಡಿಸುತ್ತಾರೆ.

ಐವತ್ತಾರು ವರ್ಷದ ಈ ಹೆಂಗಸನ್ನು ಊರೆಲ್ಲ ಜೆವಾ ಎನ್ನುತ್ತದೆ. ಯುಗೊಸ್ಲಾವಿಯಾ ಕಾಲದ ಯುದ್ಧ ಸ್ಮಾರಕಗಳನ್ನು ನೋಡಬಯಸುವವರನ್ನು ತನ್ನ ಕಾರಿನಲ್ಲೇ ಕರೆದುಕೊಂಡು ಹೋಗಿ ತೋರಿಸುವುದು ಅವರ ಉದ್ಯೋಗ. ನಾಲ್ಕು ದಿನ, ಒಂಬತ್ತು ಸ್ಮಾರಕ, ಸುಮಾರು ಏಳುನೂರು ಕಿಲೋಮೀಟರ್. ಒಂದು ಸಲಕ್ಕೆ ಮೂರೇ ಜನ. ಏಪ್ರಿಲ್‌ನಿಂದ ಅಕ್ಟೋಬರ್ ಕೊನೆಯವರೆಗೆ ನಲವತ್ತು ಸುತ್ತು. ಯಾವ ಕಂಪನಿಯ ಬೋರ್ಡೂ ಇಲ್ಲ, ಕೊರಳಲ್ಲಿ ಗುರುತಿನ ಚೀಟಿಯೂ ಇಲ್ಲ. ಹೋದವರು ಇನ್ನೊಬ್ಬರಿಗೆ ಹೇಳುತ್ತಾರೆ, ಅವರು ಬರುತ್ತಾರೆ.

ಈ ದಿನ ಬಂದಿರುವವರು ಪೋಲೆಂಡಿನ ಗಂಡ ಹೆಂಡತಿ. ಏಳು ಹಲ್ಲುಗಳ ನಡುವೆ ಕ್ಯಾಮೆರಾ ಹಿಡಿದು ಅತ್ತಿತ್ತ ಸುತ್ತಿದ ಹೆಂಡತಿ ಎಲ್ಲರೂ ಕೇಳುವ ಪ್ರಶ್ನೆಯನ್ನೇ ಕೇಳುತ್ತಾರೆ: ಇದರ ಅರ್ಥ ಏನು?

“ಕಟ್ಟಿಸಿದ ಶಿಲ್ಪಿ ಹೇಳದೇನೇ ಹೋಗಿಬಿಟ್ರು” ಎನ್ನುತ್ತಾರೆ ಜೆವಾ. “ನಮ್ಮ ಮೇಷ್ಟ್ರು ಗಾಯಾಳುಗಳ ಪಕ್ಕೆಲುಬು ಅಂತಿದ್ರು. ನಮ್ಮಮ್ಮ ಬಾಚಣಿಗೆ ಅಂದ್ಲು, ಊರೆಲ್ಲ ನಮ್ಮಮ್ಮನ ಮಾತೇ ಕೇಳ್ತು. ನೀವು ಊಟದ ಹೊತ್ತಿಗೆ ನಿಮ್ಮದೊಂದು ಅರ್ಥ ಹೇಳ್ಬೇಕು. ಇಲ್ದಿದ್ರೆ ರೊಟ್ಟಿ ಇಲ್ಲ.”

ನಗು ಮುಗಿದ ಮೇಲೆ ಜೆವಾ ಅವರನ್ನು ಗಾಯಾಳುಗಳು ಮಲಗಿದ್ದ ಹಳ್ಳದ ಕಡೆ ನಡೆಸಿಕೊಂಡು ಹೋಗುತ್ತಾರೆ. ತಾವು ಮುಂದೆ, ಅವರು ಹಿಂದೆ.

ಹದಿನೆಂಟನೇ ವಯಸ್ಸಿಗೆ ಜೆವಾ ಊರಿನ ಹೆಣಿಗೆ ಕಾರ್ಖಾನೆ ಸೇರಿದ್ದರು. ತೊಂಬತ್ತೆರಡರಲ್ಲಿ ಯುಗೊಸ್ಲಾವಿಯಾ ಒಡೆದು ಯುದ್ಧ ಬಂತು, ಕಾರ್ಖಾನೆ ಹೋಯಿತು. ಯುದ್ಧ ನಿಂತಾಗ ಊರಿನಲ್ಲಿ ಕಿಟಕಿ ಗಾಜುಳಿದ ಮನೆಗಳನ್ನು ಬೆರಳಲ್ಲಿ ಎಣಿಸಬಹುದಿತ್ತು. ಬಾಚಣಿಗೆ ಗುಡ್ಡ ಮೂರು ವರ್ಷ ಎರಡು ಕಡೆಯವರ ನಡುವಿನ ಗಡಿಯಾಗಿತ್ತು. ಇಳಿಜಾರಿನ ತುಂಬ ನೆಲಬಾಂಬುಗಳು. ತೊಂಬತ್ತಾರರ ವಸಂತದಲ್ಲಿ ಜೆವಾ ಅವರ ತಮ್ಮ ಎದ್ಹೆಮ್ ಅಣಬೆ ಕೀಳಲು ಹೋಗಿ ಎರಡನೇ ಹಲ್ಲಿನ ಕೆಳಗೆ ಬಲಪಾದ ಕಳೆದುಕೊಂಡ. ಆಗ ಅವನಿಗೆ ಇಪ್ಪತ್ತನಾಲ್ಕು.

“ಅವನನ್ನ ಹೊತ್ಕೊಂಡು ಬಂದವರು ಅವನ ಹೆಜ್ಜೆ ಗುರುತಿನ ಮೇಲೇ ಹೆಜ್ಜೆ ಇಟ್ಟು ಹೋಗಿದ್ರಂತೆ. ಹಿಮ ಕರಗಿ ಮಣ್ಣು ಮೆತ್ತಗಿತ್ತು, ಗುರುತು ಕಾಣ್ತಿತ್ತು. ಒಣಗಿದ್ರೆ ಅವನು ಅಲ್ಲೇ ಉಳೀತಿದ್ದ” ಎನ್ನುತ್ತಾರೆ ಜೆವಾ.

ಎರಡು ವರ್ಷದ ನಂತರ ಬಾಂಬು ತೆಗೆಯುವ ತಂಡಕ್ಕೆ ಆಳು ಬೇಕೆಂದು ಪ್ರಕಟಣೆ ಬಂತು. ತರಬೇತಿಗೆ ಸೇರಿದ್ದು ಮೂವತ್ತೆಂಟು ಗಂಡಸರು, ಮೂವರು ಹೆಂಗಸರು. ಆ ಮೂವರಲ್ಲಿ ಜೆವಾ ಒಬ್ಬರು. “ಹೆಣಿಗೆ ಹೆಣೆದ ಕೈ ನಡುಗಲ್ಲ ಅಂತ ಮೇಲ್ವಿಚಾರಕರೇ ಹೇಳಿದ್ರು. ಒಂದು ಕುಣಿಕೆ ತಪ್ಪಿದ್ರೆ ಬಿಚ್ಚಿ ಮತ್ತೆ ಹಾಕೋ ಬುದ್ಧಿ ಇರುತ್ತಲ್ಲ. ಆದ್ರೆ ಅಲ್ಲಿ ಬಿಚ್ಚಿ ಹಾಕೋಕೆ ಎರಡನೇ ಸಲ ಸಿಗಲ್ಲ.” ಮೊಣಕಾಲೂರಿ, ತೆಳ್ಳನೆಯ ಕಡ್ಡಿಯಿಂದ ನೆಲವನ್ನು ಓರೆಯಾಗಿ ಚುಚ್ಚಿ ನೋಡುತ್ತಾ ಮುಂದೆ ಸಾಗುವುದು ಕೆಲಸ. ಒಳ್ಳೆಯ ದಿನದಲ್ಲಿ ಹತ್ತು ಚದರ ಮೀಟರ್. ಬೇರುಗಳಿರುವ ಕಡೆ ಮೂರು. ಬಾಚಣಿಗೆ ಗುಡ್ಡ ಪೂರ್ತಿಯಾಗಲು ಎರಡು ಬೇಸಿಗೆ ಹಿಡಿಯಿತು. ಸ್ಮಾರಕಕ್ಕೆ ಪೆಟ್ಟಾಗಬಾರದೆಂದು ಇಲ್ಲಿ ಬಾಂಬುಗಳನ್ನು ಇದ್ದಲ್ಲೇ ಸ್ಫೋಟಿಸುತ್ತಿರಲಿಲ್ಲ, ಕೈಯಿಂದಲೇ ಎತ್ತುತ್ತಿದ್ದರು.

ತೊಂಬತ್ತೊಂಬತ್ತರ ಆಗಸ್ಟ್. ಮೂರನೇ ಹಲ್ಲಿನ ಬುಡದಲ್ಲಿ ಜೆವಾ ಅವರ ಕಡ್ಡಿಗೆ ಒಂದು ಬಾಂಬು ತಗುಲಿತ್ತು. ಸುತ್ತಲಿನ ಮಣ್ಣು ಬಿಡಿಸಿ, ಎತ್ತುವ ಮೊದಲು ನೀರು ಕುಡಿಯಲೆಂದು ಹಿಂದೆ ಬಂದರು. ಆಗ ಎಚ್ಚರಿಕೆಯ ಹಳದಿ ಪಟ್ಟಿಯ ಆಚೆ ಟೋಪಿ ಕೈಯಲ್ಲಿ ಹಿಡಿದು ನಿಂತ ಗಂಡಸೊಬ್ಬ ಕೂಗಿದ. ಗುಡ್ಡದ ಆ ಬದಿಯ ಹಳ್ಳಿಯವನು, ಮರ ಕೊಯ್ಯುವ ಕೆಲಸದವನು, ಒಸ್ತೋಯಾ ಎಂದು ಹೆಸರು. ಯುದ್ಧದಲ್ಲಿ ಎದುರು ಕಡೆಯವನು.

“ಎತ್ಬೇಡಮ್ಮಾ! ಅದರ ಕೆಳಗೆ ಇನ್ನೊಂದಿದೆ” ಎಂದನಂತೆ.

“ನಿನಗೆ ಹೆಂಗೆ ಗೊತ್ತು?” ಎಂದು ಕೇಳಿದ್ದಕ್ಕೆ, “ಇಟ್ಟವನು ನಾನೇ” ಎಂದ.

ಮೇಲಿನದನ್ನು ಎತ್ತಿದರೆ ಕೆಳಗಿನದು ಸಿಡಿಯುವ ಹಾಗೆ ಜೋಡಿ ಜೋಡಿಯಾಗಿ ಹೂತಿದ್ದರು. ತಂಡದ ಕೈಯಲ್ಲಿದ್ದ ನಕ್ಷೆಯಲ್ಲಿ ಆ ಸಾಲೇ ಇರಲಿಲ್ಲ. ಒಸ್ತೋಯಾ ಜೇಬಿನಿಂದ ಸಿಮೆಂಟ್ ಚೀಲದ ಕಾಗದವೊಂದನ್ನು ತೆಗೆದ. ಪ್ರತಿ ಹಲ್ಲಿನ ಬುಡದಿಂದ ಎಷ್ಟು ಹೆಜ್ಜೆ, ಯಾವ ದಿಕ್ಕಿಗೆ ಎಂದು ಪೆನ್ಸಿಲ್‌ನಲ್ಲಿ ಬರೆದಿತ್ತು. ಒಟ್ಟು ಇಪ್ಪತ್ತಮೂರು ಗುರುತು. ಆರು ವರ್ಷದ ಹಿಂದಿನದನ್ನು ನೆನಪಿನಿಂದಲೇ ಬರೆದು ತಂದಿದ್ದ.

ಜೆವಾ ಕಾಗದ ನೋಡಿದರು. ಎರಡನೇ ಹಲ್ಲಿನ ಕೆಳಗಿನ ಗುರುತಿನ ಮೇಲೆ ಬೆರಳಿಟ್ಟು ಕೇಳಿದರು: “ಇದೂ ನಿನ್ನದೇನಾ?”

“ನನ್ನದೇ.”

“ಅದು ಈಗಿಲ್ಲ. ನನ್ನ ತಮ್ಮನ ಕಾಲು ತಗೊಂಡು ಹೋಯ್ತು.”

“ನಾನು ಹೆಲ್ಮೆಟ್ ತೆಗೆದು ಅವನ ಎದೆಗೆ ಎಸೆದೆ” ಎಂದು ಈಗ ಹೇಳುತ್ತಾರೆ ಜೆವಾ. “ಅವನು ತಪ್ಪಿಸಿಕೊಳ್ಳಲಿಲ್ಲ. ಎತ್ಕೊಂಡು, ಮಣ್ಣು ಒರೆಸಿ, ಪಟ್ಟಿ ಮೇಲಿಂದ ವಾಪಸ್ ಕೊಟ್ಟ. ಹೋಗು ಅಂದೆ. ಹೋದ. ಆ ಕಾಗದ ನನ್ನ ಕೈಯಲ್ಲೇ ಉಳೀತು. ಅವತ್ತು ಕೆಲಸ ಮಾಡೋಕಾಗಲಿಲ್ಲ. ಮಾರನೇ ದಿನ ಕಾಗದ ನೋಡ್ಕೊಂಡು ಶುರು ಮಾಡಿದ್ವಿ. ಒಂದು ಗೇಣೂ ಆಚೀಚೆ ಇರಲಿಲ್ಲ. ಎಲ್ಲಾ ಅವನು ಹೇಳಿದ ಕಡೆಯೇ.”

ಆ ಸಾಲಿನಲ್ಲಿ ಮೂವರು ಕೆಲಸ ಮಾಡುತ್ತಿದ್ದರು. ಮೂವರೂ ಉಳಿದರು. ಕೆಲಸ ಮುಗಿದ ಶರತ್ಕಾಲದಲ್ಲಿ ಜೆವಾ ಒಂದು ಪೊಟ್ಟಣ ಕಾಫಿ ಹಿಡಿದು, ಗುಡ್ಡ ದಾಟಿ, ಒಸ್ತೋಯಾ ಮನೆಯ ಬಾಗಿಲು ಬಡಿದರು. ಕ್ಷಮಿಸಲು ಹೋದದ್ದಲ್ಲ ಎಂದು ಖಡಾಖಂಡಿತವಾಗಿ ಹೇಳುತ್ತಾರೆ. “ಬದುಕಿದ್ದೀನಿ ಅಂತ ಹೇಳೋಕೆ ಹೋದೆ. ಅದನ್ನ ಹೇಳ್ದೆ ಇದ್ರೆ ನಾನೆಂಥ ಮನುಷ್ಯಳು?”

ಗುಡ್ಡ ಶುದ್ಧವಾಯಿತೆಂದು ಸರ್ಕಾರ ಪತ್ರ ಕೊಟ್ಟರೂ ಊರು ನಂಬಲಿಲ್ಲ. ಹತ್ತು ವರ್ಷ ಯಾರೂ ಮೇಲೆ ಹೋಗಲಿಲ್ಲ. ಎರಡು ಸಾವಿರದ ಹನ್ನೊಂದರಲ್ಲಿ ಪರದೇಶದ ಫೋಟೋಗ್ರಾಫರ್ ಒಬ್ಬ ಪೆಟ್ರೋಲ್ ಬಂಕಿನಲ್ಲಿ ಚಿತ್ರ ತೋರಿಸಿ ದಾರಿ ಕೇಳುತ್ತಿದ್ದ. ಎಲ್ಲರೂ ತಲೆಯಾಡಿಸಿ, ಕಾಲು ಹಾರಿಹೋಗುವುದನ್ನು ಕೈಸನ್ನೆಯಲ್ಲಿ ತೋರಿಸಿ ಹೆದರಿಸುತ್ತಿದ್ದರು. ಅಲ್ಲೇ ಟೈರಿಗೆ ಗಾಳಿ ಹಾಕಿಸುತ್ತಿದ್ದ ಜೆವಾ, “ನನ್ನ ಹಿಂದೆ ಬಾ” ಎಂದರು. ಉದ್ಯೋಗ ಶುರುವಾದದ್ದು ಹಾಗೆ.

“ಈ ಕಾಂಕ್ರೀಟು ನನಗೆ ಎರಡು ಸಲ ಬದುಕು ಕೊಟ್ಟಿದೆ ನೋಡಿ. ಒಂದ್ಸಲ ಬಾಂಬು ತೆಗೆಯೋಳಿಗೆ, ಒಂದ್ಸಲ ದಾರಿ ತೋರಿಸೋಳಿಗೆ. ಕೆಲವರು ಕುರೂಪ ಅಂತಾರೆ. ಅನ್ನಲಿ ಬಿಡಿ. ನನಗೆ ನಮ್ಮ ಅತ್ತೆ ಇದ್ದ ಹಾಗೆ. ನೋಡೋಕೆ ಒರಟು, ಬಿದ್ದಾಗ ಹಿಡ್ಕೊಳ್ಳುತ್ತೆ.”

ಮಧ್ಯಾಹ್ನದ ಊಟ ಗುಡ್ಡದ ಆ ಬದಿಯಲ್ಲಿ, ಒಸ್ತೋಯಾ ಮನೆಯ ಪ್ಲಮ್ ಮರದ ಕೆಳಗೆ. ಈಗ ಎಪ್ಪತ್ತನಾಲ್ಕು ವರ್ಷದ ಮುದುಕನಾದ ಅವನು ಕಬ್ಬಿಣದ ಮುಚ್ಚಳದಡಿ ಕೆಂಡದಲ್ಲಿ ಮೆಕ್ಕೆಜೋಳದ ರೊಟ್ಟಿ ಬೇಯಿಸಿದ್ದಾನೆ. ಜೊತೆಗೆ ಹಸಿ ಚೀಸು, ಈರುಳ್ಳಿ, ಮಜ್ಜಿಗೆ.

“ಈ ಸಲ ರೊಟ್ಟಿ ಕಾಂಕ್ರೀಟ್ ಆಗಿದೆ, ಮುದುಕಪ್ಪಾ” ಎನ್ನುತ್ತಾರೆ ಜೆವಾ.

“ಹಂಗಾದ್ರೆ ಇದಕ್ಕೂ ನಾಲ್ಕು ಜನ ಕ್ಯಾಮೆರಾ ತಗೊಂಡು ಬರ್ತಾರೆ ಬಿಡು.”

ಪೋಲೆಂಡಿನ ದಂಪತಿಗೆ ಅವನು ಯಾರೆಂದು ಗೊತ್ತಿಲ್ಲ. ಜೆವಾ ಯಾವ ಪ್ರವಾಸಿಗೂ ಹೇಳುವುದಿಲ್ಲ. “ಅದು ನೋಡೋ ಜಾಗದ ಪಟ್ಟಿಗೆ ಸೇರೋ ಕಥೆ ಅಲ್ಲ.” ಪತ್ರಿಕೆಗೆ ಹೇಳಲು ಒಪ್ಪಿಗೆ ಕೊಟ್ಟದ್ದು ಒಸ್ತೋಯಾನೇ. “ಬರ್ಕೊಳ್ಳಿ, ಹೆಸರೂ ಹಾಕಿ” ಎಂದ ನನಗೆ. ಆ ದಿನ ಏಕೆ ಬಂದೆ ಎಂದು ಕೇಳಿದೆ. ರೊಟ್ಟಿ ಮುರಿಯುತ್ತಾ ಹೇಳಿದ: “ಮರದ ಲೋಡು ಇಳಿಸೋಕೆ ಹೋದಾಗೆಲ್ಲ ಇವಳು ಕಾಣ್ತಿದ್ಲು. ನಮ್ಮಮ್ಮ ಈರುಳ್ಳಿ ಮಡಿಯಲ್ಲಿ ಕಳೆ ಕೀಳೋಕೆ ಕೂತ್ಕೊಳ್ತಿದ್ದ ಹಾಗೇ ಕೂತಿದ್ಲು. ಎರಡು ದಿನ ನೋಡ್ದೆ. ಮೂರನೇ ದಿನ ಸಾಲು ಮೂರನೇ ಹಲ್ಲಿನ ಹತ್ರ ಬಂದಿತ್ತು. ಇನ್ನು ನೋಡ್ಕೊಂಡು ನಿಲ್ಲೋಕಾಗಲಿಲ್ಲ. ಮೊದಲೇ ಬರಬೇಕಿತ್ತು. ಆ ಹುಡುಗನ ಕಾಲು ಹೋಗೋಕೂ ಮೊದಲು ಬರಬೇಕಿತ್ತು.”

ಹೊರಡುವಾಗ ಒಸ್ತೋಯಾ ಗೋಣಿಯಲ್ಲಿ ಸುತ್ತಿದ ಮರ ಕೊಯ್ಯುವ ಯಂತ್ರದ ಗರಗಸವನ್ನು ಜೆವಾ ಅವರ ಕಾರಿನಲ್ಲಿ ಇಡುತ್ತಾನೆ. “ಚೈನು ಸಡಿಲ ಆಗಿದೆ” ಎಂದಷ್ಟೇ ಹೇಳುತ್ತಾನೆ.

ಆ ಗರಗಸ ಹೋಗುವುದು ಎದ್ಹೆಮ್ ಗ್ಯಾರೇಜಿಗೆ. ಕೃತಕ ಕಾಲಿನಲ್ಲಿ ನಿಂತು ಅಕ್ಕನ ಕಾರಿನಿಂದ ಹಿಡಿದು ಅರ್ಧ ಊರಿನ ಟ್ರಾಕ್ಟರುಗಳವರೆಗೆ ರಿಪೇರಿ ಮಾಡುವವನು ಅವನು. ಒಸ್ತೋಯಾನೊಂದಿಗೆ ಈವರೆಗೆ ಒಂದು ಮಾತೂ ಆಡಿಲ್ಲ, ಎದುರು ನಿಂತು ಮುಖವನ್ನೂ ನೋಡಿಲ್ಲ. ಆದರೆ ಹದಿನೆಂಟು ವರ್ಷದಿಂದ ಆ ಗರಗಸವನ್ನು ಬಿಚ್ಚಿ, ಹಲ್ಲು ಮಸೆದು, ಎಣ್ಣೆ ಹಾಕಿ ಕಳಿಸುತ್ತಿದ್ದಾನೆ. ಹೋದ ವಾರ ಗ್ಯಾರೇಜಿನಲ್ಲಿ ಕೂತು ಕಾರಣ ಕೇಳಿದೆ.

“ಕೋಪ ಮನುಷ್ಯನ ಮೇಲೆ, ಗರಗಸದ ಮೇಲಲ್ಲ” ಎಂದು ಮೊದಲು ನಕ್ಕ. ಆಮೇಲೆ ಕೈ ಒರೆಸಿಕೊಂಡು ಹೇಳಿದ: “ನನ್ನ ಕಾಲು ತೆಗೆದವನೂ ಅವನೇ, ನಮ್ಮಕ್ಕನ್ನ ಉಳಿಸಿದವನೂ ಅವನೇ. ಒಂದನ್ನ ನೆನಪಿಟ್ಟು ಇನ್ನೊಂದನ್ನ ಮರೆಯೋಕೆ ಬರಲ್ಲ. ಎರಡನ್ನೂ ಇಟ್ಕೊಂಡಿದ್ದೀನಿ. ಅವಳು ದಿನಾ ಸಂಜೆ ಮನೆಗೆ ಬಂದು ನನ್ನ ಬೈತಾಳಲ್ಲ, ಆವಾಗ ಅನ್ಸುತ್ತೆ, ಬೈಯೋಕೆ ಇದ್ದಾಳಲ್ಲಾ ಸದ್ಯ ಅಂತ.”

ಸಂಜೆಯ ಬಿಸಿಲಿನಲ್ಲಿ ಇನ್ನೊಂದು ಚಿತ್ರ ಬೇಕೆಂದು ಪೋಲೆಂಡಿನ ಹೆಂಡತಿ ಕೇಳಿದ್ದರಿಂದ ನಾವು ನಾಲ್ಕು ಗಂಟೆಗೆ ಮತ್ತೆ ಗುಡ್ಡಕ್ಕೆ ಬರುತ್ತೇವೆ. ಭಾನುವಾರ. ಐದನೇ ಹಲ್ಲಿನ ಕೆಳಗೆ ಊರಿನ ಕುಟುಂಬವೊಂದು ಕಂಬಳಿ ಹಾಸಿಕೊಂಡು ಕೂತಿದೆ. ತಾಮ್ರದ ಪಾತ್ರೆಯಲ್ಲಿ ಕಾಫಿ, ಬಟ್ಟೆಯಲ್ಲಿ ಸುತ್ತಿದ, ಮಾಂಸ ತುಂಬಿದ ಪಿಟಾ ಎಂಬ ಪದರ ರೊಟ್ಟಿ. ಊರಿನವರು ಹೀಗೆ ಊಟ ಕಟ್ಟಿಕೊಂಡು ಮೇಲೆ ಬರತೊಡಗಿದ್ದು ಈಚಿನ ಮೂರು ನಾಲ್ಕು ಬೇಸಿಗೆಯಿಂದ. ಆರೇಳು ವರ್ಷದ ಹುಡುಗಿಯೊಬ್ಬಳು ಇಳಿಜಾರಿನ ಮೇಲ್ತುದಿಯಲ್ಲಿ ಅಡ್ಡ ಮಲಗಿ, ಕೈಗಳನ್ನು ಎದೆಗೊತ್ತಿ, ಹುಲ್ಲಿನ ಮೇಲೆ ಗಿರಗಿರನೆ ಉರುಳುತ್ತಾ ಕೆಳಗೆ ಹೋಗುತ್ತಾಳೆ.

“ಉಮಿಹಾನಾ! ಏಳೇ ಮೇಲೆ! ಇವತ್ತಷ್ಟೇ ಹಾಕಿದ ಫ್ರಾಕು ಕಣೇ ಅದು!” ತಾಯಿ ಕೂಗುತ್ತಾಳೆ. ಹುಡುಗಿ ಕಿಲಕಿಲ ನಗುತ್ತಾ ಎದ್ದು, ಮತ್ತೆ ಮೇಲಕ್ಕೆ ಓಡಿ, ಮತ್ತೆ ಮಲಗುತ್ತಾಳೆ.

ಜೆವಾ ತಮ್ಮ ಅತಿಥಿಗಳನ್ನು ಮರೆತು ನಿಂತುಬಿಟ್ಟಿದ್ದಾರೆ. ಇನ್ನು ಏನು ಆಸೆ ಎಂದು ಬೆಳಿಗ್ಗೆ ನಾನು ಕೇಳಿದಾಗ, ಶಾಲೆಯ ಮಕ್ಕಳನ್ನು ಒಂದು ದಿನ ಇಲ್ಲಿಗೆ ಕರೆತರಬೇಕು, ಅಷ್ಟೇ ಎಂದಿದ್ದರು. ತಾಯಿ ಬೈಯಲು ಎದ್ದು ಹೊರಟಾಗ ಅವಳ ತೋಳು ಹಿಡಿದು ತಡೆಯುತ್ತಾರೆ.

“ಉರುಳಲಿ ಬಿಡೇ ತಂಗಿ. ಆ ಇಳಿಜಾರಿನ ಒಂದೊಂದು ಗೇಣೂ ನನ್ನ ಕೈಯಾರೆ ಮುಟ್ಟಿ ನೋಡಿದ್ದೀನಿ.”