ಬಳೆ ಇಳಿಸಿ ಹಾಡಿದ ಹೇಮಪ್ಪ

ತಾವರಗೇರಾದ ಲೇಡೀಸ್ ಟೇಲರ್ ಹೇಮಪ್ಪ ಗಂಗಾವತಿಯ ಸ್ಟುಡಿಯೊಕ್ಕೆ ಮೊದಲ ಸಲ ಹಾಡಲು ಹೋದಾಗ ಅವರ ಕೈಯಲ್ಲಿ ದೊಡ್ಡದೊಂದು ಚೀಲವಿತ್ತು. ಬೆಳಗಿನ ಬಸ್ಸು ಹಿಡಿದು ಕನಕಗಿರಿಯ ಮೇಲೆ ಹಾದು ಹತ್ತು ಗಂಟೆಗೆ ಮುಟ್ಟಿದ್ದರು. ಸ್ಟುಡಿಯೊ ಎಂದರೆ ಟೈರ್ ಅಂಗಡಿಯ ಮೇಲಿನ ಎರಡು ಕೋಣೆ. ಒಂದರಲ್ಲಿ ಕಂಪ್ಯೂಟರ್ ಇತ್ತು. ಇನ್ನೊಂದರ ಗೋಡೆಗೆಲ್ಲ ಸ್ಪಂಜು ಬಡಿದು ನಡುವೆ ಒಂದು ಮೈಕು ನಿಲ್ಲಿಸಿದ್ದರು.

ಅದರ ಮಾಲೀಕ ತೌಸೀಫ, ಇಪ್ಪತ್ತಾರು ವರ್ಷದವನು. ಮದುವೆ ಮೆರವಣಿಗೆಯಲ್ಲಿ ಟ್ರ್ಯಾಕ್ಟರ್ ಟ್ರೇಲರ್ ಮೇಲೆ ಗೋಡೆಯಂತೆ ಸೌಂಡ್ ಬಾಕ್ಸ್ ಪೇರಿಸಿ ಹಚ್ಚುತ್ತಾರಲ್ಲ, ಆ ಡಿಜೆ ಹಾಡುಗಳನ್ನು ಮಾಡುವುದು ಅವನ ಕೆಲಸ. ಬಯಲಾಟದಲ್ಲಿ ಹೇಮಪ್ಪ ಹೆಣ್ಣಿನ ಪಾತ್ರದಲ್ಲಿ ಹಾಡಿದ್ದನ್ನು ಯಾರೋ ಮೊಬೈಲಿನಲ್ಲಿ ಹಿಡಿದಿದ್ದರು. ಅದನ್ನು ಕೇಳಿ ಅವನೇ ಫೋನು ಮಾಡಿ ಕರೆದಿದ್ದ.

ಹೇಮಪ್ಪ ಬಂದವರೇ ಕನ್ನಡಿ ಎಲ್ಲಿದೆ ಎಂದು ಕೇಳಿದರು. ಬಚ್ಚಲುಮನೆಯಲ್ಲಿದೆ ಎಂದು ತೌಸೀಫ ಹೇಳಿದ. ಚೀಲ ಹಿಡಿದು ಒಳಗೆ ಹೋದವರು ಒಂದು ಗಂಟೆ ಹೊರಗೆ ಬರಲಿಲ್ಲ. ಬಂದಾಗ ಇಳಕಲ್ ಸೀರೆ ಉಟ್ಟಿದ್ದರು, ಚವರಿ ಸೇರಿಸಿ ಹೆರಳು ಹಾಕಿದ್ದರು, ಮುಖಕ್ಕೆ ಬಣ್ಣ ಹಚ್ಚಿದ್ದರು. ಎರಡೂ ಕೈಗೆ ಮೊಣಕೈವರೆಗೆ ಹಸಿರು ಬಳೆ.

"ಎಲ್ಲಿ ನಿಂದರಲಿ?" ಎಂದು ಕೇಳಿದರು. ದನಿಯೂ ಬೇರೆಯಾಗಿತ್ತು.

ತೌಸೀಫ ಸೀರೆಯಿಂದ ಬಳೆಯವರೆಗೆ ನೋಡಿದ. "ಕಾಕಾ, ಇವತ್ತು ಶೂಟಿಂಗ್ ಇಲ್ಲರಿ. ಬರೇ ದನಿ ತಗೋಳೂದು. ಮೈಕಿಗೆ ಕಣ್ಣಿಲ್ಲ."

"ಮೈಕಿಗೆ ಇಲ್ಲ, ನನಗ ಅದಾವಲ್ಲಪಾ. ಇನ್ನ ಕಾಕಾ ಅನಬ್ಯಾಡ. ಬಳಿ ಏರಿದ ಮ್ಯಾಲ ಅಕ್ಕಾರ ಅನಬೇಕು."

ಇದು ಅವರ ಮೇಳದ ಕಟ್ಟುಪಾಡು. ಬಯಲಾಟ ಕಲಿಸಿದ ಮಾಸ್ತರ ಬಾಬಾಸಾಬರು ಹೆಣ್ಣು ಪಾತ್ರದವರಿಗೆಲ್ಲ ಇದನ್ನು ಮೊದಲ ದಿನವೇ ಹೇಳುತ್ತಿದ್ದರು. ಬಳೆ ತೊಟ್ಟ ಮೇಲೆ ಗಂಡಿನ ದನಿ ತೆಗೆಯಬಾರದು. ಬಳೆ ಇಳಿಸಿದ ಮೇಲೆ ಹೆಣ್ಣಿನ ದನಿ ತೆಗೆಯಬಾರದು. ಹೇಮಪ್ಪ ಹತ್ತೊಂಬತ್ತನೆಯ ವಯಸ್ಸಿಗೆ ಮೇಳ ಸೇರಿದವರು, ಈಗ ನಲವತ್ತೇಳು. ಅಷ್ಟು ವರ್ಷದಲ್ಲಿ ಒಂದು ಸಲವೂ ಆ ಕಟ್ಟು ಮುರಿದಿರಲಿಲ್ಲ. ಮನೆಯಲ್ಲಿ ಗುನುಗಿದರೂ ಗಂಡಿನ ದನಿಯಲ್ಲೇ.

ಹಾಡಿನ ಪಲ್ಲವಿ ಎರಡೇ ಸಾಲು.

ಹೊಳಿ ದಾಟಿ ಬರತೇನಂದಾಂವ ಯಾಕ ಬರಲಿಲ್ಲ
ಹುಲಿಗಿ ಹಾದಿ ನೋಡಿ ನೋಡಿ ಕಣ್ಣ ಸೋತಾವಲ್ಲ

ಹೇಮಪ್ಪ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಹಾಡಿದರು. ತೌಸೀಫ ಅದನ್ನು ತಿರುಗಿ ಹಚ್ಚಿ ಕೇಳಿಸಿದ. ದನಿ ಚೆನ್ನಾಗಿತ್ತು. ಆದರೆ ಪ್ರತಿ ಸಾಲಿನ ಮೇಲೂ ಬಳೆ ಸದ್ದು ಮಾಡಿದ್ದವು. ಬಯಲಾಟದ ಕಟ್ಟೆಯ ಮೇಲೆ ಮದ್ದಳೆಯ ನಡುವೆ ಯಾರಿಗೂ ಕೇಳಿಸದ ಸದ್ದು ಇಲ್ಲಿ ಗಾಜು ಒಡೆದಂತೆ ಕೇಳುತ್ತಿತ್ತು. ಕೈ ಕಟ್ಟಿಕೊಂಡು ಹಾಡಿ ನೋಡಿದರು. ಬಳೆಗೆ ಕರವಸ್ತ್ರ ಸುತ್ತಿ ಹಾಡಿ ನೋಡಿದರು. ಸದ್ದು ಹೋಗಲಿಲ್ಲ.

"ಬಳಿ ತಗೀರಿ ಅಕ್ಕಾರ," ಎಂದ ತೌಸೀಫ.

ಹೇಮಪ್ಪ ಮೊದಲು ಒಪ್ಪಲಿಲ್ಲ. ಕೊನೆಗೆ ತೆಗೆದರು. ತೆಗೆದು ಹಾಡಿದರೆ ದನಿ ಬರಲಿಲ್ಲ. 'ಕಣ್ಣ ಸೋತಾವಲ್ಲ' ಎಂಬಲ್ಲಿ ಮೇಲಕ್ಕೆ ಏರಬೇಕಾದ ದನಿ ನಡುವೆಯೇ ಒಡೆದು ಗಂಡಿನದಾಗುತ್ತಿತ್ತು. ಮಧ್ಯಾಹ್ನದವರೆಗೂ ಅದೇ ಆಯಿತು.

ಊಟಕ್ಕೆ ಕುಳಿತಾಗ ತೌಸೀಫ ಮೆತ್ತಗೆ ಹೇಳಿದ. "ಕಾಕಾ, ಬ್ಯಾಸರ ಮಾಡಕೋಬ್ಯಾಡ್ರಿ. ಹೊಸಪೇಟಿಯೊಳಗ ಒಬ್ಬಾಕಿ ಹಾಡಾಕಿ ಅದಾಳ. ದನಿ ಅಕಿದು ಇರಲಿ. ವಿಡಿಯೋದಾಗ ನೀವು ಬರ್ರಿ. ಬಾಯಿ ಆಡಸಿದ್ರ ಸಾಕು, ಪಗಾರ ಅದ."

"ಬಾಯಿ ನಂದು, ದನಿ ಇನ್ನೊಬ್ಬರದು ಅಂದ್ರ ನಾ ತೊಗಲಗೊಂಬಿ ಆದ್ನಿ."

"ಮಂದಿಗೆ ಗೊತ್ತಾಗೂದಿಲ್ಲರಿ."

"ನನಗ ಗೊತ್ತಿರತೈತಿ. ನನ್ನ ಮಾರಿ ಬೇಕಂದ್ರ ನನ್ನ ದನಿನೂ ತಗೋ. ಇಲ್ಲಂದ್ರ ಎರಡೂ ಬ್ಯಾಡ."

ಯುಗಾದಿ ಮುಗಿದ ಕೂಡಲೇ ಲಗ್ನದ ಸೀಸನ್ನು. ಅದಕ್ಕೂ ಮೊದಲೇ ಹಾಡು ಹೊರಗೆ ಬರಬೇಕಿತ್ತು. ತೌಸೀಫ ಕ್ಯಾಲೆಂಡರ್ ನೋಡಿ ಇಪ್ಪತ್ತು ದಿನ ಕೊಟ್ಟ. ಅಷ್ಟರೊಳಗೆ ಬಳೆ ಇಲ್ಲದೆ ದನಿ ಬರದಿದ್ದರೆ ಹಾಡು ಹೊಸಪೇಟೆಯವಳದು ಎಂದು ಇಬ್ಬರೂ ಒಪ್ಪಿಕೊಂಡರು.

ಹೇಮಪ್ಪ ಮರುದಿನವೇ ಯಲಬುರ್ಗಾಕ್ಕೆ ಹೋದರು. ಬಾಬಾಸಾಬ ಮಾಸ್ತರರು ಅಲ್ಲಿ ಮಗಳ ಮನೆಯಲ್ಲಿದ್ದಾರೆ. ಎಂಬತ್ತು ದಾಟಿದೆ, ಕಣ್ಣು ಮಂಜಾಗಿವೆ. ಹೊರಸಿನ ಮೇಲೆ ಕುಳಿತಿದ್ದವರು ಹೆಜ್ಜೆಯ ಸಪ್ಪಳದಲ್ಲೇ ಗುರುತು ಹಿಡಿದರು.

"ಹೇಮಾ ಏನೋ? ಆಟ ಇಲ್ಲದ ದಿನ ಬಂದಿಯಲ್ಲ."

"ಒಂದು ಮಾತು ಕೇಳಾಕ ಬಂದೀನ್ರಿ ಮಾಸ್ತರ. ಬಳಿ ಇಲ್ಲದ ಹಾಡಬಹುದೇನ್ರಿ?"

ಎಲ್ಲವನ್ನೂ ಕೇಳಿದ ಮೇಲೆ ಮಾಸ್ತರರು, "ಆ ಕಟ್ಟು ಯಾಕ ಹಾಕಿದ್ನಿ, ಗೊತ್ತೈತೇನು?" ಎಂದರು.

"ದನಿ ಬಳ್ಯಾಗ ಇರತೈತಿ ಅಂತಿದ್ರಿ."

"ದನಿ ಬಳ್ಯಾಗ ಇದ್ರ ಬಳಿಗಾರರೆಲ್ಲ ಹಾಡತಿದ್ರು. ಹಂಗ ಹೇಳಿದ್ರ ಹುಡುಗರು ಕೇಳತಾರಂತ ಹೇಳಿದ್ನಿ." ಅವರು ಹೇಮಪ್ಪನ ಕಡೆ ತಿರುಗಿ ಕುಳಿತರು. "ನಿನಕಿಂತ ಮೊದಲ ಒಬ್ಬ ಇದ್ದ, ನಿನಕಿಂತ ಛಲೋ ಹಾಡತಿದ್ದ. ಹೊಲದಾಗ, ಬಾವಿ ಮ್ಯಾಲ, ಎಲ್ಲಂದ್ರಲ್ಲಿ ಆ ದನಿ ತಗೀತಿದ್ದ. ಮಂದಿ ಅವನ್ನ ಹಾದಿಯೊಳಗ ಹಿಡದು ಕಾಡಿದ್ರು. ಊರ ಬಿಟ್ಟು ಹೋದ. ಇವತ್ತಿಗೂ ಎಲ್ಲಿ ಅದಾನ ಗೊತ್ತಿಲ್ಲ. ಆಮ್ಯಾಲ ನಿಮಗೆಲ್ಲ ಬೇಲಿ ಹಾಕಿದ್ನಿ. ಬೇಲಿಯೊಳಗ ಇದ್ರ ಕೈ ಮುಗೀತಾರ, ಹೊರಗ ಬಂದ್ರ ಕಲ್ಲು ಒಗೀತಾರ."

"ಈಗ ನಾ ಏನ್ ಮಾಡಲ್ರಿ?"

"ಬೇಲಿ ನಾ ಹಾಕಿದ್ದು, ನಾ ತಗೀಬಹುದು. ತಗದ್ನಿ ಅಂತ ತಿಳಕೋ. ಕಲ್ಲು ತಡಿಯೂದು ಮಾತ್ರ ನನ್ನಿಂದ ಆಗೂದಿಲ್ಲ. ಅದನ್ನ ನೀನ ನೋಡಕೋಬೇಕು."

ಹೇಮಪ್ಪ ತಾವರಗೇರಾಕ್ಕೆ ಬಂದು ಮರುದಿನ ಅಂಗಡಿಯಲ್ಲಿ ಹಾಡಲು ಶುರು ಮಾಡಿದರು. ಮೈಮೇಲೆ ದಿನದ ಅಂಗಿ, ಕೊರಳಲ್ಲಿ ಅಳತೆ ಟೇಪು. ಹೊಲಿಗೆ ಯಂತ್ರದ ಮೇಲೆ ಮೊಬೈಲಿಟ್ಟು ತೌಸೀಫ ಕಳಿಸಿದ ತಾಳ ಹಚ್ಚುತ್ತಿದ್ದರು. ಆ ತಾಳ ಯಾರಿಗೂ ಕಾಯುವುದಿಲ್ಲ. ಬಯಲಾಟದಲ್ಲಿ ಹಾಡುವವರು ಸಾಲು ಎಳೆದಷ್ಟು ಹಾರ್ಮೋನಿಯಂ ಹಿಂದೆ ಬರುತ್ತದೆ, ಇಲ್ಲಿ ಹಾಗಿಲ್ಲ. ಅದಕ್ಕೂ ಅವರು ಒಗ್ಗಬೇಕಿತ್ತು.

ಹೆಂಡತಿ ವಿರೂಪಾಕ್ಷಮ್ಮ ಅದೇ ಅಂಗಡಿಯಲ್ಲಿ ಕುಳಿತು ಹುಕ್ಕು ಹಚ್ಚುತ್ತಾರೆ. ಮದುವೆಯಾಗಿ ಇಪ್ಪತ್ತಮೂರು ವರ್ಷ. ಗಂಡನ ಆ ದನಿಯನ್ನು ಅವರು ಕೇಳಿದ್ದೆಲ್ಲ ಆಟ ನೋಡಲು ಹೆಂಗಸರ ನಡುವೆ ಕುಳಿತಾಗ ಮಾತ್ರ. ಮೊದಲ ದಿನ ಸೂಜಿ ಕೆಳಗಿಟ್ಟು ಎದ್ದುಹೋದರು. ಸ್ವಲ್ಪ ಹೊತ್ತಿಗೆ ತಿರುಗಿ ಬಂದರು.

"ಒಂದ ನಮೂನಿ ಆಗತೈತ್ರಿ. ಮನ್ಯಾಗ ಯಾರೋ ಬಂದಂಗ."

"ನಾನ ಇದ್ದೀನಿ. ಬ್ಯಾರೆ ಯಾರೂ ಬಂದಿಲ್ಲ."

"ಗೊತ್ತೈತ್ರಿ. ಆದ್ರ ಇದನ್ನ ಕೇಳಿ ಹೆಣ್ಣಮಕ್ಕಳು ಅಂಗಡಿಗೆ ಬರೂದು ಬಿಟ್ರ?"

"ಬಿಟ್ರ ಗಂಡಸರ ಪ್ಯಾಂಟು ಹೊಲಿತೀನಿ. ದನಿ ಮಾತ್ರ ಬಿಡೂದಿಲ್ಲ."

ಹೆಣ್ಣುಮಕ್ಕಳು ಬರುವುದನ್ನು ಬಿಡಲಿಲ್ಲ. ಹಸೀನಾಬೇಗಂ ಎಂಬ ಹಳೆಯ ಗಿರಾಕಿ ಒಂದು ದಿನ ಬಾಗಿಲ ಹೊರಗೇ ನಿಂತಿದ್ದರು. ಹಾಡು ನಿಂತ ಮೇಲೆ ಒಳಗೆ ಬಂದು ಸುತ್ತ ನೋಡಿದರು.

"ಒಳಗ ಯಾರೋ ಹೆಣ್ಣಮಗಳು ಹಾಡಾಕತ್ಯಾಳಂತ ನಾ ಹೊರಗ ನಿಂತಿದ್ನಿ. ನೀವೇನ್ರಿ ಟೇಲರಣ್ಣ?"

"ನಾನ್ರಿ ಅಕ್ಕಾ."

"ಹಾಡ್ರಿ, ಛಲೋ ಐತಿ. ಹಾಡಿಕೋತ ಹೋದ ಸಲದಂಗ ನನ್ನ ಕುಬಸದ ತೋಳು ಬಿಗಿ ಮಾಡಬ್ಯಾಡ್ರಿ, ಅಷ್ಟ."

ಎದುರಿನ ಚಹಾ ಹೋಟೆಲಿನ ಗುರುಬಸವ ಮಾತ್ರ ದಿನಾ ಒಂದು ಮಾತು ಎಸೆಯುತ್ತಿದ್ದ.

"ಹೇಮಕ್ಕಾ, ಬಳಿ ತಗದಿಯಂತ. ನಾ ಹೊಸಾವು ಕೊಡಸಲೇನವಾ?"

"ಕೊಡಸಪಾ. ನಿನ್ನ ಹೆಂಡತಿ ಯಾರಿಗೆ ಅಂತ ಕೇಳಿದ್ರ ಏನ್ ಹೇಳತಿ, ಅದನ್ನ ಮೊದಲ ಯೋಚನೆ ಮಾಡಕೋ."

ಹೋಟೆಲಿನಲ್ಲಿ ಕುಳಿತವರು ಗುರುಬಸವನನ್ನೇ ನೋಡಿ ನಕ್ಕರು. ಎಲ್ಲ ದಿನವೂ ಇಷ್ಟು ಹಗುರಾಗಿರಲಿಲ್ಲ. ಒಂದು ಬೆಳಿಗ್ಗೆ ಅಂಗಡಿಯ ಶಟರಿನ ಮೇಲೆ ಯಾರೋ ಇದ್ದಿಲಿನಿಂದ ಏನೋ ಬರೆದಿದ್ದರು. ಹೇಮಪ್ಪ ಅರಿವೆ ಒದ್ದೆ ಮಾಡಿ ಒರೆಸಿ ಶಟರು ಎತ್ತಿದರು. ಏನು ಬರೆದಿತ್ತೆಂದು ಅವರು ಯಾರಿಗೂ ಹೇಳಲಿಲ್ಲ. ಆ ದಿನ ಎಂದಿಗಿಂತ ಗಟ್ಟಿಯಾಗಿ ಹಾಡಿದರು.

ಆದರೆ ಹನ್ನೆರಡು ದಿನ ಕಳೆದರೂ ಆ ಒಂದು ಜಾಗದಲ್ಲಿ ದನಿ ಒಡೆಯುವುದು ನಿಲ್ಲಲಿಲ್ಲ. ಅದರ ಕಾರಣ ಕಂಡುಹಿಡಿದವರು ವಿರೂಪಾಕ್ಷಮ್ಮ.

"ಆಟದಾಗ ದನಿ ಏರಸೂವಾಗೆಲ್ಲ ನಿಮ್ಮ ಬಲಗೈ ಮ್ಯಾಲ ಹೋಗತಿತ್ತು, ಬಳಿ ಹಿಂದ ಸರಸಾಕ. ಈಗ ಕೈ ಕೆಳಗ ಹಿಡಕೊಂಡ ಹಾಡತೀರಿ."

"ಬಳಿನ ಇಲ್ಲ, ಏನ ಸರಸಲಿ?"

"ಬಳಿ ಸರಸಬ್ಯಾಡ್ರಿ. ಕೈ ಎತ್ತರಿ."

ಹೇಮಪ್ಪ ಕೈ ಎತ್ತಿ ಹಾಡಿದರು. ಕೈ ಏರಿದಾಗ ಎದೆ ಬಿಚ್ಚಿ ಉಸಿರು ಉಳಿಯುತ್ತಿತ್ತು. ದನಿ ಒಡೆಯದೆ ಮೇಲೆ ಹೋಯಿತು. ಇಪ್ಪತ್ತೆಂಟು ವರ್ಷ ದನಿಯನ್ನು ಎತ್ತಿದ್ದು ಬಳೆಯಲ್ಲ, ಕೈ. ಅವರು ಅದನ್ನು ಮತ್ತೆ ಮತ್ತೆ ಹಾಡಿ ನೋಡಿದರು. ಪ್ರತಿ ಸಲವೂ ಬರಲಿಲ್ಲ, ಆದರೆ ನಾಲ್ಕಕ್ಕೆ ಮೂರು ಸಲ ಬಂತು. ಉಳಿದ ಎಂಟು ದಿನ ಆ ನಾಲ್ಕನೆಯದಕ್ಕಾಗಿ ದುಡಿದರು.

ಇಪ್ಪತ್ತನೆಯ ದಿನ ಸ್ಟುಡಿಯೊಕ್ಕೆ ಹೋದಾಗ ಕೈಯಲ್ಲಿ ಚೀಲವಿರಲಿಲ್ಲ. ಬಿಳಿ ಅಂಗಿಯ ತೋಳು ಮಡಚಿ ಮೈಕಿನ ಮುಂದೆ ನಿಂತರು. ಮೊದಲ ಸಲ ಕೈ ಎತ್ತಿದಾಗ ಮೈಕಿನ ಕಂಬಕ್ಕೆ ಬಡಿದು ಎಲ್ಲ ನಿಲ್ಲಿಸಬೇಕಾಯಿತು. ತೌಸೀಫ ಕಂಬವನ್ನು ಎಡಕ್ಕೆ ಸರಿಸಿದ. ಎರಡನೆಯ ಸಲ ತಾಳ ತಪ್ಪಿತು. ಮೂರನೆಯ ಸಲ ಪಲ್ಲವಿ ಪೂರ್ತಿ ಬಂತು, ಮೇಲಿನ ಜಾಗವೂ ಸೇರಿ.

ತೌಸೀಫ ಹೆಡ್‌ಫೋನ್ ತೆಗೆದು ಒಳಗೆ ಬಂದ. "ಈಗ ಏನಂತ ಕರೀಲಿ? ಕಾಕಾ ಅನ್ನಲೋ, ಅಕ್ಕಾರ ಅನ್ನಲೋ?"

"ಯಾವುದರ ಕರಿ. ದನಿ ಬಂತೋ ಇಲ್ಲೋ ಹೇಳು."

"ಬಂತ್ರಿ. ಒಂದ ಚೂರು ಕಂಪ್ಯೂಟರಿನ್ಯಾಗ ಇನ್ನೂ ಹೆಂಗಸರ ಹಂಗ ಮಾಡತೀನಿ."

"ಬ್ಯಾಡ. ಎಷ್ಟು ಐತೋ ಅಷ್ಟ ಇರಲಿ."

ತೌಸೀಫ ವಾದ ಮಾಡಲಿಲ್ಲ. ಕಂಪ್ಯೂಟರಿನಲ್ಲಿ ಆ ದನಿಯ ಕೆಳಗೆ ಢಂ ಢಂ ಎನ್ನುವ ಬೀಟು ಕೂಡಿಸಿದ, ಸಾಲುಗಳ ನಡುವೆ ಹಲಗೆಯ ಪೆಟ್ಟು ಹಾಕಿದ. ದನಿಯನ್ನು ಮುಟ್ಟಲಿಲ್ಲ. ಹಾಡಿನ ಜೊತೆ ಬಿಡುವ ಚಿತ್ರದ ಮೇಲೆ ಹಾಡಿದವರ ಹೆಸರು ಏನು ಹಾಕಲಿ, ಹೆಣ್ಣಿನ ಹೆಸರೊಂದು ಇಡೋಣವೇ ಎಂದು ಕೇಳಿದಾಗ ಹೇಮಪ್ಪ, "ಹಾಡಿದಾಂವ ಹೇಮಪ್ಪ. ಅದನ್ನ ಹಾಕು," ಎಂದರು.

ಯುಗಾದಿ ಕಳೆದು ಹತ್ತು ದಿನಕ್ಕೆ, ಹಗಲು ಹನ್ನೊಂದರ ಸುಮಾರಿಗೆ, ತಾವರಗೇರಾದ ರಸ್ತೆಯಲ್ಲಿ ಒಂದು ಮದುವೆ ಮೆರವಣಿಗೆ ಬಂತು. ಟ್ರೇಲರಿನ ಮೇಲಿನ ಬಾಕ್ಸುಗಳಲ್ಲಿ ಅದೇ ಹಾಡು. ಅಂಗಡಿಯ ಗಾಜಿನ ಬಾಗಿಲು ನಡುಗಿತು. ಕುಣಿಯುತ್ತಿದ್ದ ಹುಡುಗರಿಗೆ ಗುರುಬಸವನೇ ಹೋಟೆಲಿನಿಂದ ಕೈ ತೋರಿಸಿ ಹೇಳಿದ, "ಹಾಡಿದವರು ಅಲ್ಲೇ ಅದಾರ ನೋಡ್ರೋ." ಡಿಜೆ ನಿಂತಿತು. ಹುಡುಗರು ಅಂಗಡಿಯ ಮೆಟ್ಟಿಲ ಮುಂದೆ ಕೂಡಿದರು.

"ಸುಳ್ಳ ಹೇಳತಾನ. ಇದು ಹೆಣ್ಣಮಗಳ ದನಿ."

"ಇಲ್ಲಂದ್ರ ಕಂಪ್ಯೂಟರ್ ಮಾಡಿದ್ದು."

"ಒಂದು ನುಡಿ ಹಾಡ್ರಿ ನೋಡೋಣು, ಖರೇ ಇದ್ರ."

ಹಿಂದಿನಿಂದ ಒಬ್ಬ ಸೀಟಿ ಹೊಡೆದ. ವಿರೂಪಾಕ್ಷಮ್ಮ ಗಂಡನ ಮುಖ ನೋಡಿದರು. ಮಾಸ್ತರರು ಬೇಲಿ ಹಾಕಿದ್ದು ಇದೇ ಜಾಗಕ್ಕೆ ಅಂಜಿ: ಹಗಲು, ನಡುಬೀದಿ, ಸುತ್ತ ಗಂಡಸರು.

ಹೇಮಪ್ಪ ಕತ್ತರಿ ಕೆಳಗಿಟ್ಟು ಮೆಟ್ಟಿಲಿಗೆ ಬಂದು ನಿಂತರು. ತಾಳವಿಲ್ಲ, ಹಾರ್ಮೋನಿಯಂ ಇಲ್ಲ. ಎರಡು ಸಾಲನ್ನೂ ಹಾಡಿದರು. ಸೀಟಿ ಹೊಡೆದವನು ಇನ್ನೊಂದು ಸಲ ಹೊಡೆಯಲಿಲ್ಲ. ಮೆರವಣಿಗೆಯ ಹಿಂದೆ ಬರುತ್ತಿದ್ದ ಹೆಂಗಸರು ಮುಂದೆ ಸರಿದು ನಿಂತರು.

"ಇನ್ನೊಂದು ನುಡಿ ಹಾಡ್ರಿ ಅಕ್ಕಾರ," ಎಂದ ಒಬ್ಬ. ಅದರಲ್ಲಿ ಕುಹಕವಿತ್ತೋ ಇಲ್ಲವೋ ಹೇಳುವುದು ಕಷ್ಟ.

"ಇನ್ನೊಂದು ನುಡಿ ಬೇಕಂದ್ರ ನಾಳಿಗೆ ಬರ್ರಿ," ಎಂದು ಹೇಮಪ್ಪ ತಮ್ಮ ಗಂಡಿನ ದನಿಯಲ್ಲೇ ಹೇಳಿದರು. "ನಿಮ್ಮ ಮದಿಮಗಳು ಸಂಜಿಗೆ ತೊಡೂ ಕುಬಸ ಇನ್ನೂ ನನ್ನ ಮಷೀನಿನ ಮ್ಯಾಲ ಐತಿ."