ನಲವತ್ತಮೂರನೆಯ ಪುಸ್ತಕ

ಇಸವಿಯಣ್ಣನ ನಿಜವಾದ ಹೆಸರು ಎಷ್ಟು ಸಾಮಾನ್ಯವಾದದ್ದೆಂದರೆ, ಬಸ್ ನಿಲ್ದಾಣದಲ್ಲಿ ನಿಂತು ಒಮ್ಮೆ ಅದನ್ನು ಕೂಗಿದರೆ ಅರ್ಧ ಬಸ್ಸು ಖಾಲಿಯಾಗುತ್ತಿತ್ತು. ಕೆಲವೊಮ್ಮೆ ಡ್ರೈವರೂ ಇಳಿದು ಬರುತ್ತಿದ್ದ. ಊರಿನ ದೊಡ್ಡ ಗ್ರಂಥಾಲಯದಲ್ಲಿ ಮೂವತ್ತನಾಲ್ಕು ವರ್ಷ ಅವರು ಮಾಡಿದ್ದು ಒಂದೇ ಕೆಲಸ: ಒಂದೇ ಹೆಸರಿನ ಲೇಖಕರನ್ನು ಬೇರೆ ಬೇರೆ ಮಾಡುವುದು. ಕೋಳಿ ಸಾಕಣೆಯ ಬಗ್ಗೆ ಬರೆದವನ ಹೆಸರೂ ಪ್ರೇಮಗೀತೆ ಬರೆದವನ ಹೆಸರೂ ಒಂದೇ ಆಗಿದ್ದರೆ, ಪ್ರೇಮಗೀತೆ ಕೇಳಿ ಬಂದವನು ಕೋಳಿ ಹೊತ್ತುಕೊಂಡು ಹೋಗಬಾರದಲ್ಲ! ಅದಕ್ಕಾಗಿ ಕಾರ್ಡಿನಲ್ಲಿ ಹೆಸರಿನ ಪಕ್ಕ ಹುಟ್ಟಿದ ಇಸವಿ ಬರೆಯಬೇಕು. ಆ ಒಂದು ಇಸವಿಗಾಗಿ ಅವರು ಪ್ರಕಾಶಕರಿಗೆ ಪತ್ರ ಹಾಕುತ್ತಿದ್ದರು, ಲೇಖಕರ ಬಾಗಿಲು ತಟ್ಟುತ್ತಿದ್ದರು. ಒಮ್ಮೆ ಒಬ್ಬ ಲೇಖಕನ ಶವಯಾತ್ರೆಯಲ್ಲಿ ನಾಲ್ಕು ಮೈಲಿ ನಡೆದು, ಹೆಣಕ್ಕೆ ಹೆಗಲು ಕೊಟ್ಟಿದ್ದ ಅವನ ತಮ್ಮನ ಕಿವಿಯಲ್ಲಿ ಪ್ರಶ್ನೆ ಕೇಳಿ, ಉತ್ತರ ಸಿಕ್ಕ ತಿರುವಿನಲ್ಲೇ ಆಫೀಸಿಗೆ ವಾಪಸಾಗಿದ್ದರು. ಇಸವಿಯಣ್ಣ ಎಂಬ ಅಡ್ಡಹೆಸರು ಬಿದ್ದದ್ದು ಹೀಗೆ.

ಈ ಕೆಲಸಕ್ಕೆ ಅವರೇ ಒಂದು ಕೈಪಿಡಿ ಬರೆದಿದ್ದರು. ಅದರ ಏಳನೆಯ ನಿಯಮ ಕಲ್ಲಿನಂಥದ್ದು: ಲೇಖಕ ತಾನಾಗಿ ಹೇಳಿಕೊಂಡ ಇಸವಿಯನ್ನು ನಂಬತಕ್ಕದ್ದಲ್ಲ, ಶಾಲೆ ಅಥವಾ ನೌಕರಿಯ ದಾಖಲೆಯೇ ಅಂತಿಮ, ಹೆಸರೂ ಇಸವಿಯೂ ಎರಡೂ ಒಂದೇ ಆದಲ್ಲಿ ವ್ಯಕ್ತಿ ಒಬ್ಬನೇ. ನಿಯಮಕ್ಕೆ ಕಾರಣವೂ ಇತ್ತು. ಒಬ್ಬ ಕಾದಂಬರಿಕಾರ್ತಿ ಕೊಟ್ಟ ಇಸವಿಯ ಪ್ರಕಾರ ಆಕೆ ತನ್ನ ಮಗಳಿಗಿಂತ ಮೂರೇ ವರ್ಷಕ್ಕೆ ದೊಡ್ಡವಳಾಗಿದ್ದಳು.

ತಮಾಷೆಯೆಂದರೆ ಇಸವಿಯಣ್ಣನ ಸ್ವಂತ ಇಸವಿಯೇ ಸುಳ್ಳು. ಅವರು ಹುಟ್ಟಿದ್ದು ದೊಡ್ಡ ನೆರೆ ಬಂದ ವರ್ಷ. ಶಾಲೆಗೆ ಸೇರಿಸುವಾಗ ವಯಸ್ಸು ಮೀರಿತ್ತೆಂದು ಹೆಡ್‌ಮಾಸ್ತರು ಲೇಖನಿ ಅದ್ದಿ, ಹುಡುಗನನ್ನು ಎರಡು ವರ್ಷ ತಡವಾಗಿ ಹುಟ್ಟಿಸಿದರು. ನೌಕರಿಯ ದಾಖಲೆಗೂ ಆಮೇಲೆ ಅದೇ ಇಸವಿ ಹತ್ತಿತು.

ಅವರೂ ಒಂದು ಪುಸ್ತಕ ಬರೆದಿದ್ದರು, ಜೀವಮಾನಕ್ಕೆ ಒಂದೇ. ನೂರಹನ್ನೆರಡು ಪುಟ, ಹೆಸರು 'ಅಮ್ಮನ ಕಾಜಾ'. ಅವರ ತಾಯಿ ದರ್ಜಿ ಅಂಗಡಿಗಳಿಗೆ ಕಾಜಾ ಹೊಲಿಯುತ್ತಿದ್ದರು. ಎಂದರೆ, ಷರ್ಟಿನ ಗುಂಡಿ ತೂರುವ ಸೀಳಿನ ಅಂಚಿಗೆ ಕೈಯಲ್ಲಿ ದಾರ ಸುತ್ತುವುದು. ಕಿಟಕಿಯ ಪಕ್ಕ ಕೂತು ದಿನಕ್ಕೆ ಹತ್ತು ಷರ್ಟು. ಎಡಗೈ ತೋರುಬೆರಳಿನ ತುದಿ ಸೂಜಿ ಚುಚ್ಚಿ ಚುಚ್ಚಿ ಜರಡಿಯಂತಾಗಿ, ನೀರು ಕುಡಿದರೆ ಬೆರಳಲ್ಲಿ ಸೋರುತ್ತದೆಂದು ಅಕ್ಕಪಕ್ಕದವರು ರೇಗಿಸುತ್ತಿದ್ದರು. ಕಣ್ಣು ಹೋದ ಮೇಲೂ ಆಕೆ ಸಂತೆಯಲ್ಲಿ ಯಾರೋ ಅಪರಿಚಿತನ ಎದೆ ಸವರಿ, "ಇದು ನಂದು ಕಣಪ್ಪಾ" ಎಂದು ಅವನನ್ನು ಗಾಬರಿಗೊಳಿಸಿದ್ದುಂಟು. ಇದೆಲ್ಲ ಆ ಪುಸ್ತಕದಲ್ಲಿತ್ತು. ಇಸವಿಯಣ್ಣ ಸ್ವಂತ ದುಡ್ಡಿನಲ್ಲಿ ಮುನ್ನೂರು ಪ್ರತಿ ಅಚ್ಚು ಹಾಕಿಸಿ ಮಂಚದಡಿಗೆ ತುಂಬಿದರು. ಗೆದ್ದಲುಗಳಷ್ಟು ಶ್ರದ್ಧೆಯಿಂದ ಬೇರೆ ಯಾರೂ ಅದನ್ನು ಓದಲಿಲ್ಲ. ಕೊನೆಗೆ ಉಳಿದದ್ದು ಗ್ರಂಥಾಲಯದ ಒಂದೇ ಪ್ರತಿ.

ನಿವೃತ್ತಿಗೆ ಹದಿನಾಲ್ಕು ತಿಂಗಳಿದ್ದಾಗ ಗ್ರಂಥಾಲಯಕ್ಕೆ ಕಂಪ್ಯೂಟರ್ ಬಂತು. ಜೊತೆಗೆ ಅದನ್ನು ನಡೆಸುವ ಹೊಸ ಮೇಡಂ. ಕಾರ್ಡುಗಳೆಲ್ಲ ಯಂತ್ರದ ಹೊಟ್ಟೆಗೆ ಹೋದವು. ಒಂದು ಬೆಳಿಗ್ಗೆ ಮೇಡಂ ಕರೆದರು.

"ಬನ್ನಿ ಸಾರ್, ನೋಡಿ. ನಿಮ್ಮ ಏಳನೇ ರೂಲನ್ನ ಹಾಗೇ ಯಂತ್ರಕ್ಕೆ ಹೇಳಿಕೊಟ್ಟೆ. ನೀವು ವರ್ಷಗಟ್ಟಲೆ ಮಾಡ್ತಿದ್ದದ್ದನ್ನ ಕಾಫಿ ಕುಡಿದು ಮುಗಿಸೋದ್ರೊಳಗೆ ಮಾಡಿಬಿಡ್ತು!"

ಇಸವಿಯಣ್ಣ ತಮ್ಮ ಹೆಸರು ಹುಡುಕಿದರು. ಪರದೆಯ ಮೇಲೆ ನಲವತ್ತಮೂರು ಪುಸ್ತಕಗಳ ಪಟ್ಟಿ ಮೂಡಿತು. 'ಮೂರೇ ವಾರದಲ್ಲಿ ಬೊಕ್ಕತಲೆಗೆ ವಿದಾಯ', 'ಹೆಂಡತಿಯನ್ನು ಒಲಿಸಿಕೊಳ್ಳಲು ಐವತ್ತು ಉಪಾಯ', 'ಒಲಿಯದ ಹೆಂಡತಿಗೆ ಇನ್ನೂ ಐವತ್ತು', ಹೀಗೆ ನಲವತ್ತೆರಡು. ಎಲ್ಲವೂ ಕೂದಲೆಣ್ಣೆ ಮಾರಿ ಊರಿಗೆಲ್ಲ ಗೊತ್ತಾಗಿದ್ದ ಬೊಕ್ಕತಲೆ ಪಂಡಿತರದು. ಅವರ ಹೆಸರೂ ಇದೇ. ನಲವತ್ತಮೂರನೆಯದು 'ಅಮ್ಮನ ಕಾಜಾ'.

"ಇದು ನನ್ನ ಪುಸ್ತಕ, ಮೇಡಂ."

"ಅಯ್ಯೋ, ಹೌದಾ? ಪಂಡಿತರ ಶಾಲೆ ದಾಖಲೆಯ ಇಸವಿ ಹೋದ ವಾರವಷ್ಟೇ ಪ್ರಕಾಶಕರಿಂದ ಬಂತು ಸಾರ್. ನಿಮ್ಮ ಕಾರ್ಡಿನಲ್ಲೂ ಅದೇ ಇತ್ತು. ನೀವು ಪಂಡಿತರಲ್ಲ ಅಂತ ನನಗೆ ಗೊತ್ತು, ಯಂತ್ರಕ್ಕೆ ಗೊತ್ತಿಲ್ಲ. ಅದಕ್ಕೆ ಬೇರೆ ಇಸವಿ ಬೇಕು. ಬೇರೆ ಏನಾದ್ರೂ ಇದೆಯಾ?"

ನೆರೆಯ ವರ್ಷ ನಾಲಿಗೆಯ ತುದಿಗೆ ಬಂದು ನಿಂತಿತು. ಆದರೆ ಅದನ್ನು ಹೇಳಿದರೆ ಅವರು ಹತ್ತು ತಿಂಗಳ ಹಿಂದೆಯೇ ನಿವೃತ್ತರಾಗಿರಬೇಕಿತ್ತು. ಸುಳ್ಳು ದಾಖಲೆ, ವಿಚಾರಣೆ, ಪಿಂಚಣಿಗೆ ಕೊಕ್ಕೆ.

"ಇಲ್ಲ. ಕಾರ್ಡಿನಲ್ಲಿರೋದೇ ನನ್ನ ಇಸವಿ," ಎಂದರು.

"ಹಾಗಾದ್ರೆ ನೀವೇ ಹೇಳಿ ಸಾರ್, ಯಂತ್ರದ್ದೇನು ತಪ್ಪು?"

ಮನೆಯಲ್ಲಿ ಹೆಂಡತಿ ಕುಕ್ಕರಿನ ಮುಚ್ಚಳ ಉಜ್ಜುತ್ತ ಎಲ್ಲ ಕೇಳಿಸಿಕೊಂಡರು.

"ಅತ್ತೆ ಇದ್ದಿದ್ರೆ ತಲೆ ಮೇಲೆ ಮೊಟಕಿ, ಬಾಯಿ ಮುಚ್ಕೊಂಡು ನೌಕರಿ ಮುಗಿಸೋ ಅಂತಿದ್ರು. ಹಿಡಿಯಷ್ಟು ದಿನಕ್ಕೆ ಯಾಕ್ರೀ ಹುತ್ತಕ್ಕೆ ಕೈ ಹಾಕ್ತೀರಿ?"

"ಅಮ್ಮನ ಮಗ ಕೂದಲೆಣ್ಣೆ ಪಂಡಿತ ಅಂತ ಆಗಿದೆಯಲ್ಲೇ!"

"ಮೊದಲು ಕನ್ನಡಿ ನೋಡ್ಕೊಳ್ಳಿ. ಒಂದು ಬಾಟ್ಲಿ ನೀವೂ ತಗೊಂಡ್ರೆ ನಷ್ಟವೇನಿಲ್ಲ."

ಇಸವಿಯಣ್ಣ ಬಾಯಿ ಮುಚ್ಚಿಕೊಂಡೇ ನಿವೃತ್ತರಾದರು. ಪಿಂಚಣಿಯೂ ಅದೇ ಇಸವಿಗೆ ಗಂಟು ಬಿದ್ದದ್ದರಿಂದ ಆಮೇಲೂ ಬಾಯಿ ತೆರೆಯುವಂತಿರಲಿಲ್ಲ.

ಇದಾಗಿ ವರ್ಷದೊಳಗೆ ಊರಿನ ಸಾಹಿತ್ಯ ಸಂಘ ಬೊಕ್ಕತಲೆ ಪಂಡಿತರಿಗೆ ಜೀವಮಾನದ ಪದಕ ಕೊಟ್ಟಿತು. ಇಸವಿಯಣ್ಣ ಹಿಂದಿನ ಸಾಲಿನಲ್ಲಿ ಕೂತಿದ್ದರು. ಸಂಘದ ಕಾರ್ಯದರ್ಶಿ ಗ್ರಂಥಾಲಯದ ಪಟ್ಟಿ ಹಿಡಿದು, ನಲವತ್ತೆರಡು ಪುಸ್ತಕಗಳನ್ನು ಒಂದೇ ಉಸಿರಿನಲ್ಲಿ ದಾಟಿ, ನಲವತ್ತಮೂರನೆಯದಕ್ಕೆ ಬಂದು ಬೀಡುಬಿಟ್ಟರು. ಕಿಟಕಿ, ಸೂಜಿ, ಸವೆದ ಬೆರಳು, ಸಂತೆಯ ಅಪರಿಚಿತ, ಒಂದನ್ನೂ ಬಿಡಲಿಲ್ಲ. ಸಭಾಂಗಣದಲ್ಲಿ ಎಷ್ಟು ಮೂಗು ಒರೆಸಿದರೆಂದರೆ ಮಾರನೇ ದಿನ ಊರಲ್ಲಿ ಕರವಸ್ತ್ರ ಸಿಗಲಿಲ್ಲ. ವೇದಿಕೆಯ ಮೇಲೆ ಪಂಡಿತರೂ ಅತ್ತರು. ತಮ್ಮ ತಾಯಿಗೆ ಬೇರೊಬ್ಬ ಅಳುವುದನ್ನು ಇಸವಿಯಣ್ಣ ಕಣ್ಣೊಣಗಿಸಿಕೊಂಡು ನೋಡಿದರು.

ಸಭೆ ಮುಗಿದು ಜನ ಕರಗಿದ ಮೇಲೆ ಅವರು ವೇದಿಕೆ ಹತ್ತಿ ತಮ್ಮ ಹೆಸರು ಹೇಳಿದರು. ಪಂಡಿತರು ನಕ್ಕು ಪಕ್ಕದ ಕುರ್ಚಿ ಎಳೆದುಕೊಟ್ಟರು.

"ನಮ್ಮ ಹೆಸರಿನೋರು ಊರ್ತುಂಬ ಇದ್ದಾರೆ ಬಿಡಿ ಅಣ್ಣಾ."

"ಆ ಕಾಜಾ ಪುಸ್ತಕ ಬರೆದವನು ನಾನು."

ಪಂಡಿತರು ಗಾಬರಿಯಾಗಲಿಲ್ಲ, ದೊಡ್ಡದೊಂದು ಭಾರ ಇಳಿದವರಂತೆ ಉಸಿರುಬಿಟ್ಟರು. "ಹಾಗೆ ಹೇಳಿ! ನಾನೂ ನಲವತ್ತೆರಡೇ ಅಂದೆ. ಗ್ರಂಥಾಲಯದ ಲೆಕ್ಕ ತಪ್ಪಲ್ಲ, ನೀವೇ ಮರೆತಿರ್ತೀರಿ ಅಂದ್ರು ಸಂಘದೋರು. ಗ್ರಂಥಾಲಯದ ಹತ್ರ ಜಗಳ ಆಡೋಕೆ ನಾನ್ಯಾರು?"

"ನಮ್ಮಿಬ್ಬರ ಇಸವಿ ಒಂದೇ ಆಗಿದ್ದಕ್ಕೆ ಇಷ್ಟೆಲ್ಲ ಆಯ್ತು."

"ನನ್ನ ಇಸವೀನಾ? ಅದು ನಮ್ಮ ಮೇಷ್ಟ್ರು ಕಟ್ಟಿದ ಕಥೆ. ನಾನು ಹುಟ್ಟಿದ್ದು ಯಾವಾಗ ಅಂತ ಆ ದೇವರಿಗೇ ಗೊತ್ತು."

ಮೂವತ್ತನಾಲ್ಕು ವರ್ಷದ ಕಾರ್ಡುಗಳೆಲ್ಲ ಒಟ್ಟಿಗೆ ಇಸವಿಯಣ್ಣನ ತಲೆಯ ಮೇಲೆ ಸುರಿದಂತಾಯಿತು. ಆಮೇಲೆ ಕಾಗದ ಮುಂದೆ ಹಿಡಿದರು.

"ಒಂದು ಸಾಲು ಬರೆದುಕೊಡಿ. ಅದು ನಿಮ್ಮದಲ್ಲ ಅಂತ. ಸಾಕು."

ಪಂಡಿತರು ಪದಕವನ್ನು ಅಂಗೈಯಲ್ಲಿ ತಿರುಗಿಸುತ್ತಿದ್ದರು. "ನಾನು ಹುಟ್ಟಿದ ವಾರಕ್ಕೇ ತಾಯಿ ಹೋದ್ಲು, ಅಣ್ಣಾ. ಮುಖ ಕಂಡಿಲ್ಲ. ಇವತ್ತು ಅವ್ರು ಓದ್ತಾ ಇದ್ರೆ ನನಗೆ ನಿಜವಾಗಿ ಅಳು ಬಂತು. ಸ್ವಲ್ಪ ದಿನ ನನ್ನ ಹತ್ರ ಇರ್ಲಿ ಬಿಡಿ. ನಿಮಗೆ ತಾಯಿ ಇದ್ರಲ್ಲ!"

ಇಸವಿಯಣ್ಣ ಕಾಗದ ಮಡಿಚಿ ಜೇಬಿಗಿಟ್ಟುಕೊಂಡು ಮೆಟ್ಟಿಲಿಳಿದರು.

ಮರುದಿನ ಗ್ರಂಥಾಲಯಕ್ಕೆ ಹೋಗಿ, ಸಾಮಾನ್ಯ ಓದುಗನಂತೆ 'ಅಮ್ಮನ ಕಾಜಾ' ಎರವಲು ಪಡೆದು ಮನೆಗೆ ತಂದರು. ಗಡುವು ಮೀರಿತು. ಮೂರು ಬಾರಿ ಜ್ಞಾಪನಾಪತ್ರ ಬಂತು. ನಾಲ್ಕನೆಯದಕ್ಕೆ ಅವರೇ ಹೊರಟು, ಪುಸ್ತಕ ಕಳೆದುಹೋದಾಗ ತುಂಬುವ ಅರ್ಜಿ ತುಂಬಿದರು. ಓದುಗನ ಹೆಸರು, ಲೇಖಕನ ಹೆಸರು, ಎರಡು ಸಾಲಿನಲ್ಲೂ ಒಂದೇ ಹೆಸರು ಬಿತ್ತು. ಕಳೆದ ಪುಸ್ತಕವನ್ನು ಪಟ್ಟಿಯಿಂದ ತೆಗೆದುಹಾಕಬೇಕೆನ್ನುವುದು ಅಲ್ಲಿನ ಕ್ರಮ. ಅದು ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ಮೇಡಂ ಅರ್ಜಿಯನ್ನು ಎರಡು ಸಲ ಓದಿದರು.

"ನಿಜವಾಗ್ಲೂ ಕಳೆದಿದೆಯಾ ಸಾರ್?"

"ಕಳೆದು ಎರಡು ವರ್ಷವಾಯ್ತು ಮೇಡಂ."

ಮೇಡಂ ಗುಂಡಿ ಒತ್ತಿದರು. ಪಟ್ಟಿ ಒಂದು ಸಾಲು ಮೇಲಕ್ಕೆ ಸರಿದು ನಲವತ್ತೆರಡಕ್ಕೆ ನಿಂತಿತು. ಪಂಡಿತರ ಹೆಸರಿನಿಂದ ಅಮ್ಮ ಬಿಡುಗಡೆಯಾದರು. ಬೇರೆ ಯಾವ ಹೆಸರಿನಲ್ಲೂ ಆಕೆ ಇರಲಿಲ್ಲ.

"ಮನೇಲಿ ಇನ್ನೊಂದು ಪ್ರತಿ ಸಿಕ್ಕಿದ್ರೆ ತಂದುಕೊಡಿ ಸಾರ್," ಎಂದರು ಮೇಡಂ, ಅವರ ಮುಖ ನೋಡದೆ. "ಹೊಸದಾಗಿ ಸೇರಿಸ್ತೀನಿ."

"ಯಾರ ಹೆಸರಿಗೆ?" ಎಂದು ಕೇಳಿದರು ಇಸವಿಯಣ್ಣ.

ಮೇಡಂ ಅರ್ಜಿಗೆ ಮುದ್ರೆ ಒತ್ತಿ ಕಡತಕ್ಕೆ ಸೇರಿಸಿದರು. ಇಸವಿಯಣ್ಣ ಛತ್ರಿ ಎತ್ತಿಕೊಂಡು ಹೊರಟರು.