ಸೇತುವೆಯ ಮೇಲೆ ಮೊದಲ ಲೈಟು

ಕುಕ್ಕುಂದೂರಿನ ಎಡ್ಮಂಡ್ ಕಾರ್ಕಳ–ಕಾಪು ಬಸ್ಸಿನ ಡ್ರೈವರ್, ಶುದ್ಧ ಪುಕ್ಕಲ. ಪುಕ್ಕಲನ ಕೈಗೆ ಸ್ಟೀರಿಂಗ್ ಕೊಟ್ಟವರಾರು ಎಂದು ನಗಬೇಡಿ. ಇಷ್ಟು ವರ್ಷಗಳಲ್ಲಿ ಒಂದು ಕೋಳಿಯೂ ಅವನ ಚಕ್ರಕ್ಕೆ ಸಿಕ್ಕಿರಲಿಲ್ಲ.

ಶಿರ್ವ ದಾಟಿದರೆ ಒಂದು ಇಕ್ಕಟ್ಟಿನ ಸೇತುವೆ. ಅದರಲ್ಲಿ ಹಿಡಿಯುವುದು ಒಂದೇ ಬಸ್ಸು. ಮೊದಲು ಲೈಟು ಹಾಕಿದವನಿಗೆ ದಾರಿ ಎಂಬುದು ಬಸ್ಸಿನವರ ಕಟ್ಟಳೆ. ಆದರೆ ಎದುರಿನ ಬಸ್ಸಿನ ಚೆನ್ನಪ್ಪ ಲೈಟು ಹಾಕಿದನೆಂದರೆ, ತಾನೇ ಮೊದಲು ಹಾಕಿದ್ದರೂ ಎಡ್ಮಂಡ್ ನಿಲ್ಲಿಸಿ, ಕಿಟಕಿಯಿಂದ ಕೈಬೀಸಿ ದಾರಿ ಬಿಡುತ್ತಿದ್ದ. ಟೈಮು ತಪ್ಪುತ್ತಿತ್ತು, ಹಿಂದಿನ ಬಸ್ಸು ಅವನನ್ನು ದಾಟಿ ಹೋಗಿ ಜನರನ್ನು ಬಾಚಿಕೊಳ್ಳುತ್ತಿತ್ತು. "ಇನ್ನೊಮ್ಮೆ ಲೇಟಾದರೆ ಕೆಲಸಕ್ಕೆ ಬರುವುದು ಬೇಡ" ಎಂದರು ಬಸ್ಸಿನ ಧಣಿ.

ಮಣಿಪಾಲದಲ್ಲಿ ಓದುವ ಮಗಳು ಶರೋನ್ ಊಟಕ್ಕೆ ಕೂತಾಗ ಇದನ್ನೆಲ್ಲ ಕೇಳಿ ಹೇಳಿದಳು: "ಪಪ್ಪಾ, ನಮಗೆ ಇದರದ್ದೇ ಪಾಠ ಉಂಟು. ಇಬ್ಬರು ಎದುರೆದುರು ಬರ್ತಾರೆ. ಒಬ್ಬ ಬಿಟ್ಟರೆ ಅವ ಸೋತ. ಇಬ್ಬರೂ ಬಿಡದಿದ್ದರೆ ಇಬ್ಬರೂ ಸತ್ತರು. ಗೆಲ್ಲಬೇಕಾದರೆ ಎದುರಿನವನಿಗೆ ಕಾಣುವ ಹಾಗೆ ಸ್ಟೀರಿಂಗ್ ಕಿತ್ತು ಬಿಸಾಡಬೇಕು. ಇವನಿಗೆ ಇನ್ನು ಬಿಡಲಿಕ್ಕೆ ಆಗುವುದಿಲ್ಲ ಎಂದು ಗೊತ್ತಾಗಿ ಅವನೇ ಬಿಡ್ತಾನೆ."

"ಅವನಿಗೆ ಕಾಣದಿದ್ದರೆ?"

"ಅದು ಮುಂದಿನ ಪಾಠ," ಎಂದು ನಕ್ಕಳು ಶರೋನ್.

ಮರುದಿನ ಬಸ್ಸು ತುಂಬ ಶಾಲೆಯ ಮಕ್ಕಳು. ಮುಂದಿನ ಸೀಟಿನಲ್ಲಿ ಮೊಟ್ಟೆಯ ಬುಟ್ಟಿ ಹಿಡಿದ ಬರ್ತಾಬಾಯಿ. ಎಡ್ಮಂಡ್ ದೂರದಿಂದಲೇ ಲೈಟು ಹಾಕಿದ, ಕೈಯನ್ನು ಒಳಗೇ ಇಟ್ಟುಕೊಂಡ. ಚೆನ್ನಪ್ಪನ ಲೈಟೂ ಹೊತ್ತಿತು. ಈಗ ನಿಲ್ಲುತ್ತಾನೆ, ಈಗ ನಿಲ್ಲುತ್ತಾನೆ. ಚೆನ್ನಪ್ಪ ನಿಲ್ಲಲಿಲ್ಲ. ಎಡ್ಮಂಡ್ ಎದ್ದು ನಿಂತಂತೆ ಬ್ರೇಕು ಒತ್ತಿದ. ಮಕ್ಕಳು ಚೀರಿದರು, ಮೊಟ್ಟೆಗಳು ಉರುಳಿದವು. ನಡುಸೇತುವೆಯಲ್ಲಿ ಎರಡು ಬಸ್ಸುಗಳು ಗೇಣಷ್ಟೇ ಅಂತರದಲ್ಲಿ ನಿಂತಿದ್ದವು.

ಚೆನ್ನಪ್ಪ ಬಸ್ಸಿನ ಬಾಗಿಲು ಹಿಡಿದುಕೊಂಡು ಇಳಿದ.

"ಎಂತ ಎಡ್ಮಂಡಣ್ಣ, ಕೈ ಯಾಕೆ ಬೀಸಲಿಲ್ಲ ಮಾರಾಯ್ರೆ? ನೀವು ಬಿಡ್ತೀರಿ ಎನ್ನುವ ಧೈರ್ಯದಲ್ಲಿ ಅಲ್ವಾ ನಾನು ಇಷ್ಟು ವರ್ಷ ಬಂದದ್ದು!"

ತನ್ನ ಪುಕ್ಕಲುತನವೇ ಇಷ್ಟು ದಿನ ಎರಡು ಬಸ್ಸಿನ ಜನರನ್ನು ಕಾಪಾಡಿತ್ತೆಂದು ಎಡ್ಮಂಡ್‌ಗೆ ಆಗ ತಿಳಿಯಿತು.

ಮರುದಿನ ಎಡ್ಮಂಡ್ ಸೇತುವೆಯ ಈಚೆ ನಿಲ್ಲಿಸಿ ಕೈಬೀಸಿದ. ಆಚೆ ಚೆನ್ನಪ್ಪನೂ ನಿಲ್ಲಿಸಿ ಕೈಬೀಸುತ್ತಿದ್ದ. ಆ ಕೈಯನ್ನು ಇವನು ನಂಬಲಿಲ್ಲ, ಈ ಕೈಯನ್ನು ಅವನು ನಂಬಲಿಲ್ಲ. ಹಿಂದೆ ಹಾರ್ನುಗಳ ಗದ್ದಲ.

"ಹೋಗು ಮಾರಾಯ, ಅವ ನಿಂತಿದ್ದಾನೆ ಅಲ್ವಾ!" ಎಂದರು ಬರ್ತಾಬಾಯಿ.

ಎಡ್ಮಂಡ್‌ಗೆ ಧಣಿಯ ಮಾತು ನೆನಪಿತ್ತು. ಆದರೂ ಬ್ರೇಕಿನ ಮೇಲಿನ ಕಾಲು ಏಳಲಿಲ್ಲ. ಹಿಂದಿನ ಬಸ್ಸು ಬಂದು ಬೆನ್ನಿಗೆ ನಿಂತಿತು. ಅಂದು ಎಡ್ಮಂಡ್ ಲೇಟಾದ.